ಮೂರನೆಯ ಕೂಗಿನ ಪದ್ಯ

ಐರ್ಲೆಂಡೇ ಎಂತಕ್ಕೆ ಎಂದು ಕೇಳುವವರಿಗೆ ನಾನು ಉತ್ತರ ಕೊಡುವುದನ್ನು ಬಿಟ್ಟು ಎಷ್ಟೋ ಕಾಲವಾಯಿತು. ಮೊದಮೊದಲು ಉತ್ಸಾಹದಿಂದ ಹೇಳುತ್ತಿದ್ದೆ. ಕುಮಟೆಯ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಿದ ನೆಂಟರಿಗೆ, ಮದುವೆಮನೆಯಲ್ಲಿ ಪಕ್ಕದ ಎಲೆಗೆ ಕೂತವರಿಗೆ, ಮಗಳ ಶಾಲೆಯ ಹೆಡ್‌ಮಾಸ್ತರರಿಗೆ. ಅವರಲ್ಲಿ ಕೆಲವರು ಅದನ್ನು ಹಾಲೆಂಡ್ ಅಂದುಕೊಂಡರು, ಕೆಲವರು ಅಲ್ಲಿ ಬಹಳ ಚಳಿಯಂತಲ್ಲ ಎಂದರು. ಒಬ್ಬರಂತೂ, "ಮಾಡೂದಾದ್ರೆ ಇಂಗ್ಲೆಂಡೇ ಮಾಡ್ಬೇಕಾಗಿತ್ತು, ಸ್ವಲ್ಪ ದೊಡ್ಡದಿತ್ತು" ಎಂದು ಸೈಟು ಖರೀದಿಗೆ ಸಲಹೆ ಕೊಟ್ಟಂತೆ ಹೇಳಿ ಪಾಯಸ ಸುರಿದುಕೊಂಡರು.

ನಾನು ಭಟ್ಕಳದ ಒಂದು ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುತ್ತೇನೆ. ಮನೆ ಕುಮಟೆಯಲ್ಲಿ. ದಿನಾ ಬೆಳಿಗ್ಗೆ ಬಸ್ಸು ಹತ್ತಿ, ಧಾರೇಶ್ವರ ದಾಟಿ, ಹೊನ್ನಾವರದ ಸೇತುವೆ ದಾಟಿ, ಎಂದೂ ಮುಗಿಯದ ಹೆದ್ದಾರಿ ಕೆಲಸದ ಧೂಳು ಕುಡಿದು ಭಟ್ಕಳಕ್ಕೆ. ಸಂಜೆ ಅದೇ ಧೂಳಿನಲ್ಲಿ ವಾಪಸ್ಸು. ಸಂಕಷ್ಟಿಯ ದಿನ ಇಡಗುಂಜಿಗೆ ಹೋಗುವವರ ನೂಕುನುಗ್ಗಲಿನಲ್ಲಿ ಒಂದು ಕೈಯಿಂದ ಸರಳು ಹಿಡಿದು, ಇನ್ನೊಂದು ಕೈಯಲ್ಲಿ ನಾಟಕ ಹಿಡಿದು ಓದಿದ್ದೇನೆ. ನನ್ನ ಪಿಎಚ್‌.ಡಿ.ಯ ಬಹುಪಾಲು ಹುಟ್ಟಿದ್ದು ಆ ಬಸ್ಸುಗಳಲ್ಲೇ. ವಿಷಯ, ಆಧುನಿಕ ಐರಿಷ್ ನಾಟಕಗಳಲ್ಲಿ ಮಾತು.

ಆ ನಾಟಕಗಳಲ್ಲಿ ನಾನು ಹೆಚ್ಚು ಓದಿದವಕ್ಕೆಲ್ಲ ರಂಗದ ಮೇಲೆ ಬೇಕಾದದ್ದು ಇಷ್ಟೇ: ಒಂದು ಅಡುಗೆಮನೆ, ಒಲೆ, ಕಿಟಕಿ, ಬಾಗಿಲು. ಅಲ್ಲಿ ಜನ ಕೂತು ಮಾತಾಡುತ್ತಾರೆ. ಅವರ ನೆಲ ಹೋಗಿದೆ, ತಾಯಿನುಡಿಯೂ ಮುಕ್ಕಾಲು ಹೋಗಿದೆ. ಗೆದ್ದವರ ಇಂಗ್ಲಿಷನ್ನೇ ತಮ್ಮ ನುಡಿಯ ಲಯಕ್ಕೆ ಬಗ್ಗಿಸಿಕೊಂಡು, ಗೆದ್ದವರಿಗಿಂತ ಚೆಂದವಾಗಿ ಮಾತಾಡುತ್ತಾರೆ. ಕೇಳಿದ ಪ್ರಶ್ನೆಗೆ ನೇರ ಉತ್ತರ ಯಾರೂ ಕೊಡುವುದಿಲ್ಲ. ಈ ಮಾತಿಗೆ ವಿದ್ವಾಂಸರೆಲ್ಲ ಮರುಳಾಗಿದ್ದಾರೆ, ನಾನೂ ಆಗಿದ್ದೆ. 'ನೆಲ ಕಳೆದುಕೊಂಡವರು ಮಾತಿನಲ್ಲಿ ಮನೆ ಕಟ್ಟಿಕೊಂಡರು' ಎಂದು ನನ್ನ ಮೂರನೆಯ ಅಧ್ಯಾಯದಲ್ಲಿ ಬರೆದಿದ್ದೆ. ಧಾರವಾಡದಲ್ಲಿರುವ ನನ್ನ ಗೈಡ್ ಮೇಡಂ ಅದರ ಪಕ್ಕದಲ್ಲಿ 'ಚೆನ್ನಾಗಿದೆ' ಎಂದು ಬರೆದಿದ್ದರು. ಈಗ ಆ ವಾಕ್ಯ ಕಣ್ಣಿಗೆ ಬಿದ್ದರೆ ನನಗೆ ಮೈ ಉರಿಯುತ್ತದೆ. ಆ ಉರಿ ಹತ್ತಿದ್ದು ಎಲ್ಲಿ ಎಂದು ಹೇಳುತ್ತೇನೆ.

ಆ ಅಧ್ಯಾಯದ ಸ್ಫೂರ್ತಿ ನನ್ನ ಮನೆಯ ಜಗಲಿಯಲ್ಲೇ ಕೂತಿತ್ತು. ನನ್ನ ಮಾವ. ಹೈಸ್ಕೂಲಿನಲ್ಲಿ ಕನ್ನಡ ಮಾಸ್ತರಾಗಿದ್ದವರು, ತಾಳಮದ್ದಲೆಯ ಅರ್ಥಧಾರಿ. ತಾಳಮದ್ದಲೆಯಲ್ಲಿ ಯಕ್ಷಗಾನದ ಕುಣಿತವಿಲ್ಲ, ವೇಷವಿಲ್ಲ, ಎಲ್ಲರೂ ಕೂತೇ ಇರುತ್ತಾರೆ. ಭಾಗವತರು ಒಂದು ಪದ್ಯ ಹಾಡುತ್ತಾರೆ, ಅದರ ಅರ್ಥವನ್ನು ಒಬ್ಬರು ಪಾತ್ರವಾಗಿ ತಮ್ಮ ಮಾತಿನಲ್ಲಿ ಬೆಳೆಸುತ್ತಾರೆ, ಎದುರಿನವರು ಜವಾಬು ಕೊಡುತ್ತಾರೆ. ಸಂಭಾಷಣೆ ಬರೆದಿಟ್ಟಿರುವುದಿಲ್ಲ. ಮಾತು ಮುಗಿದ ಮೇಲೆ ಮುಂದಿನ ಪದ್ಯ, ಪದ್ಯ ಬಂದರೆ ಮಾತ್ರ ಕಥೆ ಮುಂದಕ್ಕೆ. ಸೋಲುವ ಪಾತ್ರ ಕೊಟ್ಟರೂ ಗೆದ್ದು ಬರುತ್ತಾರೆ ಎಂದು ಜನ ಮಾವನನ್ನು ಹೊಗಳುತ್ತಾರೆ. ಸಾಯುವ ಪಾತ್ರ ಕೊಟ್ಟರೆ, ಕೊಂದವನೇ ನಾಚಿ ತಲೆ ತಗ್ಗಿಸುವ ಹಾಗೆ ಸಾಯುತ್ತಾರೆ. ಅವರ ಅರ್ಥ ಕೇಳುತ್ತ ನಾನು ಎಷ್ಟೋ ಸಲ, ಅಯ್ಯೋ ಇದು ನನ್ನ ಐರಿಷ್ ಮುದುಕನೇ ಎಂದು ಹಿಗ್ಗಿದ್ದೇನೆ.

ಮನೆಯೊಳಗೆ ಮಾತ್ರ ಅವರದ್ದು ಒಂದೇ ಮಾತು. 'ನೋಡನ.' ಅಂದರೆ ನೋಡೋಣ.

ನನ್ನ ಪ್ರಬಂಧ ಒಪ್ಪಿಸುವ ಗಡುವು ಹತ್ತಿರ ಬಂದಿತ್ತು. ಬಸ್ಸಿನಲ್ಲಿ ನಿಂತು ಓದಬಹುದು, ಬರೆಯಲು ಆಗುವುದಿಲ್ಲ. ಧಾರವಾಡಕ್ಕೆ ಬಂದು ನಾಲ್ಕು ತಿಂಗಳು ಲೈಬ್ರರಿಯಲ್ಲಿ ಕೂತು ಮುಗಿಸು, ಇಲ್ಲದಿದ್ದರೆ ಇದು ಮುಗಿಯುವುದಿಲ್ಲ, ನಿನ್ನ ರಿಜಿಸ್ಟ್ರೇಶನ್ನೂ ಉಳಿಯುವುದಿಲ್ಲ ಎಂದು ಗೈಡ್ ಹೇಳಿಬಿಟ್ಟರು. ಕಾಲೇಜು ರಜೆ ಕೊಟ್ಟಿತು. ಲೈಬ್ರರಿಯ ಹತ್ತಿರ ಕೆಲಸಕ್ಕೆ ಹೋಗುವ ಹೆಂಗಸರು ಇರುವ ಒಂದು ಹಾಸ್ಟೆಲಿನಲ್ಲಿ ಕೋಣೆಯೂ ಸಿಕ್ಕಿತು. ಒಂದು ಸೋಮವಾರದೊಳಗೆ ಬಂದು ಸೇರದಿದ್ದರೆ ಬೇರೆಯವರಿಗೆ ಕೊಡುತ್ತೇವೆ ಎಂದರು. ಇಷ್ಟು ವರ್ಷ ಧೂಳು ಕುಡಿದದ್ದು ದಡ ಸೇರುತ್ತದೋ ಇಲ್ಲವೋ ಎಂಬುದು ಆ ಸೋಮವಾರದ ಮೇಲೆ ನಿಂತಿತ್ತು.

ನಾನು ಗಂಡನಿಗೆ ಹೇಳಿದೆ. ಅವರು ಕುಮಟೆಯಲ್ಲೇ ಬ್ಯಾಂಕಿನಲ್ಲಿದ್ದಾರೆ, ಮಧ್ಯಾಹ್ನ ಊಟಕ್ಕೆ ಮನೆಗೆ ಬಂದು ಹೋಗುವಷ್ಟು ಹತ್ತಿರ.

"ನಂದೆಂತೂ ಅಡ್ಡಿಲ್ಲೆ. ಅಪ್ಪಯ್ಯನ ಹತ್ರ ಒಂದು ಮಾತು ಕೇಳು" ಎಂದರು.

ಕೇಳಿದೆ. ಮಾವ ಪೇಪರಿನಿಂದ ತಲೆ ಎತ್ತಿ, "ನೋಡನ ತಂಗಿ. ಎಂತ ಅವಸರ ಇದ್ದು?" ಎಂದರು. ನಮ್ಮಲ್ಲಿ ಸೊಸೆಯನ್ನು ಕರೆಯುವುದೂ ತಂಗಿ ಎಂದೇ. ಹದಿನೈದು ದಿನ ಬಿಟ್ಟು ಮತ್ತೆ ಕೇಳಿದೆ. "ನೋಡನ." ಬೇಡ ಎಂದಿದ್ದರೆ ಜಗಳ ಆಡಬಹುದಿತ್ತು. ಹೂಂ ಎಂದಿದ್ದರೆ ಬಟ್ಟೆ ಕಟ್ಟಬಹುದಿತ್ತು. ನೋಡನ ಎಂದರೆ ಎಂತ ಮಾಡುವುದು? ಅದರ ಜೊತೆ ಜಗಳಕ್ಕೆ ನಿಲ್ಲಲು ಹಿಡಿಯೇ ಸಿಗುವುದಿಲ್ಲ. ನಲವತ್ತು ದಾಟಿದ, ತನ್ನ ಸಂಬಳ ತಾನು ತರುವ ಹೆಂಗಸು ಯಾರನ್ನಾದರೂ ಕೇಳಿಕೊಂಡೇ ಯಾಕೆ ಹೋಗಬೇಕು ಎಂದು ನೀವು ಕೇಳುತ್ತೀರಿ. ನನ್ನನ್ನೂ ಯಾರೂ ಕೇಳು ಎಂದು ಕಟ್ಟಿಹಾಕಿಲ್ಲ. ಕೇಳದೆ ಹೋಗುವುದು ನಮ್ಮ ಮನೆಯಲ್ಲಿ ಇಲ್ಲ, ಅಷ್ಟೇ. ಅತ್ತೆ ಇದ್ದಾಗ ಅವರೂ ಕೇಳುತ್ತಿದ್ದರು, ತವರಿನ ಶ್ರಾದ್ಧಕ್ಕೆ ಹೋಗುವುದಕ್ಕೂ. ಅವರಿಗೂ ಅದೇ ಉತ್ತರ ಸಿಗುತ್ತಿತ್ತು, ಅವರು ಎಷ್ಟೋ ಸಲ ಹೋಗದೇ ಉಳಿಯುತ್ತಿದ್ದರು.

ಸ್ಟಾಫ್‌ರೂಮಿನಲ್ಲಿ ನನ್ನ ಪಕ್ಕದ ಕುರ್ಚಿ ಇತಿಹಾಸದ ಮೇಡಂದು. ಭಟ್ಕಳದವರು, ನವಾಯತ ಮುಸ್ಲಿಮರ ಮನೆಯವರು, ನಾಲಿಗೆ ಹರಿತ. ನನ್ನ ಗೋಳು ಕೇಳಿ ಕೇಳಿ ಒಂದು ದಿನ ಚಾದ ಲೋಟ ಕೆಳಗಿಟ್ಟು ಹೇಳಿದರು, "ನಮ್ಮ ಗಂಡಸರು ದುಬೈಯಲ್ಲಿರ್ತಾರೆ ಮೇಡಂ. ಬೇಡ ಅನ್ನೋದಾದ್ರೆ ಅಲ್ಲಿಂದ ಫೋನ್ ಮಾಡಿ ಬೇಡ ಅಂತಾರೆ. ನಿಮ್ಮೋರು ಪಕ್ಕದಲ್ಲೇ ಕೂತು ಅದನ್ನೂ ಹೇಳೂದಿಲ್ವಲ್ಲ!"

ಇದರ ನಡುವೆ ಹೊನ್ನಾವರದ ಒಂದು ಕಾಲೇಜಿನವರು ವಿಚಾರ ಸಂಕಿರಣ ಇಟ್ಟುಕೊಂಡರು. ವಿಷಯ, ಐರಿಷ್ ರಂಗಭೂಮಿ ಮತ್ತು ನಮ್ಮ ಕರಾವಳಿ. ವರ್ಷಕ್ಕೊಂದು ಸಂಕಿರಣ ಆಗಲೇಬೇಕು, ಆಗದಿದ್ದರೆ ಕಾಲೇಜಿನ ದರ್ಜೆಗೆ ಪೆಟ್ಟು. ಆದ್ದರಿಂದ ಐರ್ಲೆಂಡ್ ಆದರೂ ಆದೀತು ಎಂದು ನನ್ನನ್ನು ಹಿಡಿದರು. ಬರೀ ಪ್ರಬಂಧ ಓದಿದರೆ ಮಕ್ಕಳು ನಿದ್ದೆ ಮಾಡುತ್ತಾರೆ, ನಿಮ್ಮ ಮಾವನವರಿಂದ ಒಂದು ತಾಳಮದ್ದಲೆ ಮಾಡಿಸಿ, ಐರಿಷ್ ಕಥೆ, ನಮ್ಮ ಪ್ರಕಾರ, ಊಟದ ನಂತರ ಒಂದೂವರೆ ತಾಸು ಎಂದರು. ನನಗೆ ಖುಷಿಯಾಯಿತು. ನನ್ನ ವಾದ ಪುಸ್ತಕದಿಂದ ಎದ್ದು ಬಂದು ಜನರ ಎದುರಿಗೆ ಕೂರುತ್ತದೆ ಎಂಬ ಖುಷಿ.

ಯಾವ ಒಂದು ನಾಟಕವನ್ನೂ ನಾನು ಎತ್ತಿಕೊಳ್ಳಲಿಲ್ಲ. ಓದಿದ ಅಷ್ಟೂ ಅಡುಗೆಮನೆಗಳ ನೆನಪಿನಿಂದ ಒಂದು ಕಥೆ ಕಟ್ಟಿದೆ. ಒಂದು ದ್ವೀಪ. ಒಂದು ಮನೆ. ಅಪ್ಪ, ಮಗಳು. ಮಗಳಿಗೆ ಪಟ್ಟಣದಲ್ಲಿ ಓದಿ ಮಾಸ್ತರಿಣಿಯಾಗುವ ಆಸೆ. ಬಂದರಿನಲ್ಲಿ ಹಡಗು ನಿಂತಿದೆ, ಅದು ಮೂರು ಸಲ ಕೂಗಿ ಹೊರಟುಬಿಡುತ್ತದೆ. ಮಗಳು ಅಪ್ಪಣೆ ಕೇಳುತ್ತಾಳೆ, ಅಪ್ಪ ಮಾತಿಗೆ ತೊಡಗುತ್ತಾನೆ. ಒಂದು ಕೂಗು ಆಗುತ್ತದೆ, ಎರಡು ಕೂಗು ಆಗುತ್ತದೆ, ಅಪ್ಪನ ಮಾತು ಮುಗಿಯುವುದಿಲ್ಲ. ಮೂರನೆಯ ಕೂಗಿಗೆ ಮಗಳು ಎದ್ದು ನಡೆದುಬಿಡುತ್ತಾಳೆ. ಅವಳು ಹೋದದ್ದೂ ತಿಳಿಯದೆ ಅಪ್ಪ ಮಾತಾಡುತ್ತಲೇ ಇರುತ್ತಾನೆ. ತಾಳಮದ್ದಲೆಯಲ್ಲಿ ಯಾರೂ ಏಳುವ ಪದ್ಧತಿ ಇಲ್ಲ. ಅದಕ್ಕೇ, ಈ ಒಂದು ಸಲ ಒಬ್ಬಳು ನಿಜವಾಗಿ ಎದ್ದು ಸಭೆಯ ನಡುವೆ ಹಾದು ಹೋಗಲಿ ಎಂದು ನಾನು ಇಟ್ಟಿದ್ದೆ. ಮಗಳ ಅರ್ಥ ನಾನೇ ಹೇಳುವುದು ಎಂದಾಯಿತು.

ಭಾಗವತರು ಮಾವನ ಹಳೆಯ ಶಿಷ್ಯರು, ಈಗ ತಾವೇ ಶಾಲಾ ಮಾಸ್ತರು. ಕಂಠ ಬಹಳ ಚೆಂದ. ಅವರೂ ನಾನೂ ಕೂತು ಪದ್ಯ ಕಟ್ಟಿದೆವು. ಸೇತುವೆ ಆಗುವ ಮುಂಚೆ ಶರಾವತಿ ದಾಟಿಸುತ್ತಿದ್ದ ಲಾಂಚಿನ ನೆನಪಿನಲ್ಲಿ ನಾನು ಲಾಂಚ್ ಎಂದು ಬರೆದಿದ್ದೆ. ಪದ್ಯಕ್ಕೆ ಅದು ಕೂರುವುದಿಲ್ಲ ಎಂದು ಅವರು ನಾವೆ ಮಾಡಿದರು. ಮೂರನೆಯ ಕೂಗಿನ ಪದ್ಯವನ್ನು ಅವರು ನಮ್ಮ ಜಗಲಿಯಲ್ಲಿ ಹಾಡಿ ತೋರಿಸಿದಾಗ ನನಗೆ ಕಣ್ಣು ತುಂಬಿತು.

ಮಾವ ಕಥೆ ಪೂರ್ತಿ ಕೇಳಿದರು. "ಕಥೆ ಚಲೋ ಇದ್ದು. ಮಗಳು ಏಳದು ಯಾವ ಪದ್ಯಕ್ಕೆ?"

"ಮೂರನೇ ಕೂಗಿನ ಪದ್ಯಕ್ಕೆ, ಮಾವ."

"ಆತು" ಎಂದರು.

ಅವರ ಬಾಯಲ್ಲಿ ಆತು ಎಂಬ ಮಾತು ಕೇಳಿ ಎಷ್ಟು ವರ್ಷವಾಗಿತ್ತೋ. ಅದೂ ಬಂದದ್ದು ದ್ವೀಪದ ಹುಡುಗಿಗೆ.

ಸಂಕಿರಣ ಒಂದು ಶನಿವಾರ. ಅದರ ಮರುದಿನ ಭಾನುವಾರ, ಅದರಾಚೆ ನನ್ನ ಸೋಮವಾರ. ಉದ್ಘಾಟನೆ, ಶಾಲು, ಹಣ್ಣಿನ ಬುಟ್ಟಿ, ನೆನಪಿನ ಕಾಣಿಕೆ ಎಲ್ಲ ಆಯಿತು. ಮುಖ್ಯ ಅತಿಥಿಗಳು ಐರ್ಲೆಂಡ್ ಬಿಟ್ಟು ಉಳಿದೆಲ್ಲದರ ಬಗ್ಗೆ ಮಾತಾಡಿದರು. ನಾನು ನನ್ನ ಪ್ರಬಂಧ ಓದಿದೆ. ಊಟದ ನಂತರ ವೇದಿಕೆಗೆ ಜಮಖಾನೆ ಹಾಸಿದರು. ಸುದ್ದಿ ಕೇಳಿ ಹೊರಗಿನ ಜನವೂ ಬಂದಿದ್ದರು. ಐರ್ಲೆಂಡಿಗಲ್ಲ, ಮಾವನಿಗೆ. ನನ್ನ ಗಂಡ, ಮಗಳು ಮುಂದಿನ ಸಾಲಿನಲ್ಲಿದ್ದರು. ಇತಿಹಾಸದ ಮೇಡಂ ಭಟ್ಕಳದಿಂದ ನನಗೋಸ್ಕರವೇ ಬಂದಿದ್ದರು.

ಮೊದಲ ಕೂಗಿನ ಪದ್ಯದ ತನಕ ಎಲ್ಲ ಚೆನ್ನಾಗಿ ನಡೆಯಿತು. ನಾನು ಮಗಳಾಗಿ ಅಪ್ಪಣೆ ಕೇಳಿದೆ. ಮಾವ ಅಪ್ಪನಾಗಿ ಸಮುದ್ರವನ್ನು ವರ್ಣಿಸಿದರು, ಜನ ತಲೆದೂಗಿದರು, ನಾನೂ ತಲೆದೂಗಿದೆ. ಎರಡನೆಯ ಕೂಗು ಆಯಿತು. ಆಗ ಮಾವ ತೊಡೆಯ ಮೇಲೆ ಕೈಯಿಟ್ಟು, ನನ್ನ ಕಡೆ ತಿರುಗಿ ಕೂತರು.

"ಮಗಳೇ, ಹೋಗಲೇ ಎಂದು ಕೇಳಿದೆ. ನಾನು ಬೇಡವೆಂದೆನೇ? ಇಲ್ಲ. ಹೋಗು ಎಂದೆನೇ? ಅದೂ ಇಲ್ಲ. ಹೋಗು ಎನ್ನಲು ನಾನಾರು? ಬೇಡವೆನ್ನಲು ನಾನಾರು? ಕಡಲು ಅಲೆಯನ್ನು ಹೋಗು ಎನ್ನುವುದುಂಟೇ? ಆದರೂ ಅಲೆ ಎಲ್ಲಿಗೆ ಹೋದೀತು? ಹೋದಂತೆ ಮಾಡಿ ಮರಳಿ ದಡಕ್ಕೇ ಬಂದೀತು!"

ಚಪ್ಪಾಳೆ ಬಿತ್ತು. ಇದು ದ್ವೀಪದ ಅಪ್ಪನಲ್ಲ. ಎರಡು ತಿಂಗಳಿಂದ ನಾನು ಕೇಳುತ್ತಿದ್ದ ಪ್ರಶ್ನೆಗೆ ಮಾವ ಉತ್ತರ ಹೇಳುತ್ತಿದ್ದರು. ಮನೆಯಲ್ಲಿ ಒಂದು ಪದಕ್ಕೆ ತತ್ವಾರವಿದ್ದ ಮನುಷ್ಯನಿಗೆ ಇಲ್ಲಿ ಮೈಕಿತ್ತು, ಜನರಿದ್ದರು, ಪಾತ್ರದ ಮರೆಯೂ ಇತ್ತು.

ನಾನು ಬಿಡಲಿಲ್ಲ. "ಅಪ್ಪಾ, ಅಲಂಕಾರ ಬೇಡ. ಒಂದೇ ಮಾತಿನಲ್ಲಿ ಹೇಳು. ಹೋಗಲೋ, ಬೇಡವೋ?"

"ಒಂದೇ ಮಾತು!" ಎಂದು ಅವರು ಸಭೆಯ ಕಡೆ ತಿರುಗಿದರು. "ಕೇಳಿದಿರಾ? ಇಪ್ಪತ್ತು ವರ್ಷ ಮಾತು ಕಲಿಸಿದ ಅಪ್ಪನ ಹತ್ತಿರ ಮಗಳು ಒಂದೇ ಮಾತು ಬೇಡುತ್ತಿದ್ದಾಳೆ. ಕೊಟ್ಟೇನು ಮಗಳೇ. ಆದರೆ ಆ ಮಾತನ್ನು ಹೊತ್ತು ನೀನು ಹೊಸ್ತಿಲು ದಾಟಿದ ಮೇಲೆ, ಈ ಮನೆಯ ಒಲೆ ಯಾರ ಕೈ ಕಾಯುತ್ತದೆ? ಮುಂಜಾನೆ ಎದ್ದು ಆ ಎಳೆಯ ಮಗುವಿನ ಜಡೆ ಹೆಣೆಯುವ ಬೆರಳು ಯಾವುದು?"

ನಾನು ಕಟ್ಟಿದ ಕಥೆಯಲ್ಲಿ ಮಗುವೇ ಇಲ್ಲ. ದ್ವೀಪದ ಹುಡುಗಿಗೆ ಮದುವೆಯೇ ಆಗಿಲ್ಲ! ಆದರೂ ಸಭೆಯಲ್ಲಿ ಹೆಂಗಸರು ಸೆರಗಿನಿಂದ ಕಣ್ಣೊತ್ತಿಕೊಂಡರು. ಮುಂದಿನ ಸಾಲಿನಲ್ಲಿ ನನ್ನ ಮಗಳು ಕಿವಿಯ ಮಟ್ಟಕ್ಕೆ ಕತ್ತರಿಸಿದ ಕೂದಲನ್ನು ಮುಟ್ಟಿ ನೋಡಿಕೊಂಡಳು. ಹೋದ ವರ್ಷವೇ ಹಟ ಮಾಡಿ ಕತ್ತರಿಸಿಕೊಂಡದ್ದು. ಒಂದೇ ಮನೆಯಲ್ಲಿರುವ ಅಜ್ಜನಿಗೆ ಮೊಮ್ಮಗಳಿಗೆ ಜಡೆಯಿಲ್ಲ ಎಂಬುದು ಗೊತ್ತಿರಲಿಲ್ಲ. ಅವಳ ಪಕ್ಕದಲ್ಲೇ ಅವಳ ಅಪ್ಪ ಕೂತಿದ್ದರು, ಹತ್ತು ಬೆರಳೂ ಗಟ್ಟಿಮುಟ್ಟಾಗಿದ್ದವು. ಅವರೂ ಕರಗಿದ ಮುಖ ಮಾಡಿಕೊಂಡು ಕೇಳುತ್ತಿದ್ದರು.

ನಾನು ಭಾಗವತರ ಕಡೆ ನೋಡಿದೆ. ಪದ್ಯ ಎತ್ತಿ ಎಂದು ಕಣ್ಣಲ್ಲೇ ಹೇಳಿದೆ. ಅವರು ತಾಳ ಹಿಡಿದುಕೊಂಡು ಮಾವನ ಮುಖವನ್ನೇ ನೋಡುತ್ತಿದ್ದರು. ಅರ್ಥಧಾರಿ ಮಾತು ನಿಲ್ಲಿಸಿ ಸನ್ನೆ ಕೊಟ್ಟರೆ ಪದ್ಯ, ಅದು ಪದ್ಧತಿ. ಮಾವ ಉಸಿರು ತೆಗೆದುಕೊಳ್ಳಲಷ್ಟೇ ನಿಲ್ಲಿಸುತ್ತಿದ್ದರು. ಓದು ಎಂದರೇನು ಎಂದರು. ಮನೆ ಎಂದರೇನು ಎಂದರು. ಬಾಗಿಲು ಇರುವುದು ಹೋಗುವುದಕ್ಕೋ ಬರುವುದಕ್ಕೋ ಎಂದರು. ನಾನು ಕೊಟ್ಟ ಜವಾಬುಗಳೆಲ್ಲ ಅವರಿಗೆ ಇನ್ನಷ್ಟು ಸೌದೆಯಾದವು. ಒಂದು ಹಂತದಲ್ಲಿ ನಾನು ಸುಮ್ಮನಾದೆ. ತಾಳಮದ್ದಲೆಯಲ್ಲಿ ಸುಮ್ಮನಾದವರು ಸೋತವರು.

ಪದ್ಯ ಬಾರದೆ ಏಳುವುದು ಹೇಗೆ? ಹಡಗು ಕೂಗಿಯೇ ಇಲ್ಲವಲ್ಲ. ಕಥೆ ಕಟ್ಟಿದವಳು ನಾನು, ಪದ್ಯ ಬರೆದವಳು ನಾನು, ಆದರೂ ಚಕ್ಕಳಮಕ್ಕಳ ಹಾಕಿ ಕೂತೇ ಇದ್ದೆ. ಮುಖ್ಯ ಅತಿಥಿಗಳಿಗೆ ರೈಲಿನ ಹೊತ್ತಾಯಿತು ಎಂದು ಸಂಘಟಕರು ಚೀಟಿ ಕಳಿಸಿದರು. ಮಾವ ಚೀಟಿ ನೋಡಿ, ಬಹಳ ಸೊಗಸಾಗಿ ಮಾತು ಇಳಿಸಿ, "ಮಗಳೇ, ನಿನ್ನ ಮೌನವೇ ನಿನ್ನ ಉತ್ತರವೆಂದು ತಿಳಿದೆ" ಎಂದು ಭಾಗವತರಿಗೆ ಸನ್ನೆ ಮಾಡಿದರು. ಭಾಗವತರು ಮಂಗಳ ಹಾಡಿಬಿಟ್ಟರು.

ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅರ್ಥ ಎಂದರೆ ಇದಪ್ಪ ಎಂದರು. ಐರಿಷ್ ಕಥೆಗೆ ನಮ್ಮ ಸಂಸ್ಕೃತಿಯ ಮುಕ್ತಾಯ ಕೊಟ್ಟರು ಎಂದು ವಂದನಾರ್ಪಣೆಯವರು ಹೇಳಿದರು. ಅಷ್ಟರಲ್ಲಿ ಇತಿಹಾಸದ ಮೇಡಂ ಎದ್ದು ನಿಂತು, "ನಂದೊಂದು ಪ್ರಶ್ನೆ ಉಂಟು" ಎಂದರು. "ಆ ಹುಡುಗಿ ಹಡಗು ಹತ್ತಿದಳೋ ಇಲ್ವೋ?"

ಸಮಯದ ಅಭಾವ ಮೇಡಂ ಎಂದು ಮೈಕು ಆರಿಸಿದರು.

ವೇದಿಕೆಯ ಹಿಂದೆ ನಾನು ಭಾಗವತರನ್ನು ಹಿಡಿದು ನಿಲ್ಲಿಸಿದೆ. ಅವರು ತಾಳವನ್ನು ಬಟ್ಟೆಯಲ್ಲಿ ಸುತ್ತುತ್ತ, "ಎಂತ ಮಾಡೂದು ಮೇಡಂ? ಸರ್ ಮಾತು ನಿಲ್ಸದೆ ನಾ ಪದ ಎತ್ತೂದು ಹ್ಯಾಂಗೆ?" ಎಂದರು. ನನಗೆ ಅವರ ಮೇಲೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಆದರೆ ಅದೇ ಪ್ರಶ್ನೆಯನ್ನು ಇಟ್ಟುಕೊಂಡು ನಾನೂ ಎರಡು ತಿಂಗಳು ಕೂತಿದ್ದೆನಲ್ಲ!

ವಾಪಸ್ಸು ಬರುವಾಗ ಕಾರಿನಲ್ಲಿ ಮಾವ ಬಹಳ ಹುರುಪಿನಲ್ಲಿದ್ದರು. "ಇವತ್ತು ಒಳ್ಳೆ ಕಳೆಗಟ್ಟಿತ್ತು, ಅಲ್ದ ತಂಗಿ?"

"ಮೂರನೇ ಪದ್ಯ ಬರಲೇ ಇಲ್ಲೆ, ಮಾವ."

"ಪದ್ಯ ಎಂತ, ಇನ್ನೊಂದು ದಿನ ಹೇಳಿದ್ರಾತು. ಮಾತು ಬಂತಲ್ಲ, ಅದು ದೊಡ್ಡದು."



ಸಂಜೆ ಜಗಲಿಯಲ್ಲಿ ಅವರ ಸ್ನೇಹಿತರು ಸೇರಿದರು. ಎಲ್ಲಿ ಮಾತು ಏರಿತು, ಎಲ್ಲಿ ಇಳಿಯಿತು ಎಂಬ ಚರ್ಚೆ. ನಾನು ಚಾ ಮಾಡಿ ಕೊಟ್ಟೆ, ಲೋಟ ತಂದೆ, ಮತ್ತೆ ನೀರು ಕೊಟ್ಟೆ. ಒಳಗೆ ಬಂದು ಮೇಜಿನ ಮೇಲಿದ್ದ ನಾಟಕಗಳಲ್ಲಿ ಒಂದನ್ನು ತೆರೆದೆ. ಓದಬೇಕೆಂದಲ್ಲ, ಸಿಟ್ಟಿಗೆ ಏನಾದರೂ ಕೈಯಲ್ಲಿ ಬೇಕಿತ್ತು. ಮಾತುಗಳು ಕಂಡರೇ ಆಗದೆ, ಕಣ್ಣು ಕಂಸದೊಳಗಿನ ರಂಗಸೂಚನೆಗಳ ಮೇಲೆ ಬಿತ್ತು. ಅವಳು ಒಲೆಗೆ ಕೊಳ್ಳಿ ಹಾಕುತ್ತಾಳೆ. ಅವಳು ಚಾ ಸುರಿಯುತ್ತಾಳೆ. ಅವಳು ಕಿಟಕಿಯ ಹತ್ತಿರ ಹೋಗಿ ನಿಲ್ಲುತ್ತಾಳೆ. ಇನ್ನೊಂದು ತೆರೆದೆ. ಅವಳು ಮೇಜು ಒರೆಸುತ್ತಾಳೆ. ಅವಳು ಲೋಟಗಳನ್ನು ಎತ್ತಿಕೊಂಡು ಒಳಗೆ ಹೋಗುತ್ತಾಳೆ. ಮಾತನ್ನೆಲ್ಲ ಬಿಟ್ಟು ಬರೀ ಕಂಸಗಳನ್ನು ಓದುತ್ತ ಹೋದೆ. ಗಂಡಸರು ಮಾತಿನೊಳಗೆ ಕೂತಿದ್ದರು, ಹೆಂಗಸರು ಕಂಸದೊಳಗೆ ಓಡಾಡುತ್ತಿದ್ದರು. ಎಲ್ಲ ನಾಟಕಗಳೂ ಹೀಗಲ್ಲ, ಬಾಯಿ ಜೋರಿನ ಹೆಂಗಸರೂ ಅಲ್ಲಿದ್ದಾರೆ, ಅದು ನನಗೆ ಗೊತ್ತು. ಆದರೆ ನನ್ನ ಮೇಜಿನ ಮೇಲಿದ್ದವುಗಳಲ್ಲಿ, ಮಾತಿನ ಮನೆ ಎಂದು ನಾನು ಹೊಗಳಿ ಹೊಗಳಿ ಬರೆದವುಗಳಲ್ಲಿ, ಹೀಗೇ ಇತ್ತು. ಮಾತಿನಲ್ಲಿ ಕಟ್ಟಿದ ಮನೆಗೆ ಕಸ ಗುಡಿಸಿದವರು ಯಾರು ಎಂದು ಯಾವ ವಿದ್ವಾಂಸನೂ ಕೇಳಿರಲಿಲ್ಲ. ಇಷ್ಟು ವರ್ಷ ಕಸ ಗುಡಿಸಿಯೇ ಬಸ್ಸು ಹತ್ತಿದ ನಾನೂ ಕೇಳಿರಲಿಲ್ಲ!

ಜಗಲಿಯಿಂದ ನಗು ಕೇಳಿಸಿತು. "ತಂಗೀ, ಇನ್ನೊಂದು ಸುತ್ತು ಚಾ ಆಗ್ತಾ?" ಎಂದು ಮಾವನ ಧ್ವನಿ ಬಂತು.

ಮೂರನೆಯ ಅಧ್ಯಾಯ ಪೂರ್ತಿ ಹರಿದು ಹೊಸದಾಗಿ ಬರೆಯಬೇಕು, ಅದಕ್ಕೆ ಧಾರವಾಡಕ್ಕೆ ಹೋಗಲೇಬೇಕು, ಅದೂ ನಾಳೆಯೇ, ಎಂದು ನನಗೆ ತಿಳಿದದ್ದು ಆ ಚಾ ಕಾಯಿಸುವಾಗ.

ಗಂಡನಿಗೆ ಹೇಳಿದೆ. "ಅಪ್ಪಯ್ಯ ಎಂತ ಹೇಳ್ದ?" ಎಂದರು.

"ನೀವೂ ಕೇಳಿದ್ದಿರಲ್ಲ, ಅಷ್ಟು ಜನರೆದುರು ಹೇಳಿದರು, ನಾನು ಬೇಡವೆಂದೆನೇ ಅಂತ."

ಅವರು, "ಕೂಸಿನ ಶಾಲೆ ವ್ಯಾನು ಎಷ್ಟೊತ್ತಿಗೆ ಬತ್ತು?" ಎಂದು ಕೇಳಿದರು. ಆ ವ್ಯಾನು ದಿನಾ ಬಂದು ನಿಲ್ಲುವುದು ಅವರ ಸ್ಕೂಟರಿನ ಪಕ್ಕದಲ್ಲೇ. ಜಗಳ ಆಡುವಷ್ಟು ಸಿಟ್ಟು ನನ್ನಲ್ಲಿತ್ತು, ಆದರೆ ಬಟ್ಟೆ ತುಂಬಿಸುವ ಕೆಲಸ ಬಾಕಿ ಇತ್ತು. ಹೊತ್ತು ಹೇಳಿದೆ. ಮಗಳನ್ನು ಕೂರಿಸಿಕೊಂಡು ಎಲ್ಲ ವಿವರಿಸಿದೆ. ಅವಳು ಬಹಳ ಗಂಭೀರವಾಗಿ, ದ್ವೀಪದ ಹುಡುಗಿ ಕೊನೆಗೆ ಹೋಗಿಯೇ ಹೋಗುತ್ತಿದ್ದಳೇ ಎಂದು ಕೇಳಿದಳು. ನಾನು ಬರೆದ ಪ್ರಕಾರ ಹೋಗುತ್ತಿದ್ದಳು ಎಂದೆ.

ಭಾನುವಾರ ಬೆಳಿಗ್ಗೆ ತಿಂಡಿಯಾದ ಮೇಲೆ ಮತ್ತೆ ಇಬ್ಬರು ಬಂದರು, ಹಿಂದಿನ ದಿನ ಹೊನ್ನಾವರಕ್ಕೆ ಬರಲಾಗದವರು. ಮಾವ ಅವರಿಗೆ ಇಡೀ ಪ್ರಸಂಗವನ್ನು ಮೊದಲಿನಿಂದ ಹೇಳತೊಡಗಿದ್ದರು, ತಮ್ಮ ಮಾತು, ನನ್ನ ಮಾತು, ಎರಡನ್ನೂ ಅವರೇ. ನಾನು ಬ್ಯಾಗು ಹಿಡಿದು ಜಗಲಿಗೆ ಬಂದು ನಿಂತೆ. ಕದ್ದು ಹೋಗಬಾರದು ಎಂದುಕೊಂಡಿದ್ದೆ. ಹೇಳಿಯೇ ಹೋಗಬೇಕು.

"ಮಾವ, ಧಾರವಾಡಕ್ಕೆ ಹೊರಟೆ."

ಅವರು ನನ್ನ ಕಡೆ ನೋಡದೆ ಅಂಗೈ ಎತ್ತಿದರು. "ತಡಿ ತಂಗಿ, ಈ ಒಂದು ಮಾತು ಮುಗಿಲಿ."

ನಿಂತೆ. ಅಭ್ಯಾಸ, ಕಾಲು ತಾನಾಗಿಯೇ ನಿಂತಿತು. ಅವರು ಬಾಗಿಲು ಇರುವುದು ಹೋಗುವುದಕ್ಕೋ ಬರುವುದಕ್ಕೋ ಎಂಬಲ್ಲಿಗೆ ಬಂದಿದ್ದರು. ಬಂದವರು ತಲೆದೂಗಿದರು. ಆ ಮಾತು ಮುಗಿಯಿತು, ಅದರ ಬಾಲ ಹಿಡಿದು ಇನ್ನೊಂದು ಶುರುವಾಯಿತು. ಮದುವೆಯಾದಂದಿನಿಂದ ಇವರ ಮಾತು ಮುಗಿಯಲಿ ಎಂದು ನಾನು ಹೀಗೇ ನಿಂತಿದ್ದೇನೆ, ಅತ್ತೆ ಸಾಯುವ ತನಕ ನಿಂತಿದ್ದರು ಎಂದು ನೆನಪಾಗಿ ಕಣ್ಣು ಕತ್ತಲಿಡುವಷ್ಟು ಸಿಟ್ಟು ಬಂತು. ಯಾವ ಭಾಗವತರು ಬಂದು ನನಗೆ ಪದ್ಯ ಹಾಡಬೇಕು?

ಮೆಟ್ಟಿಲು ಇಳಿದೆ. ಚಪ್ಪಲಿ ಹಾಕಿಕೊಂಡು ಗೇಟು ತೆಗೆದೆ. ಮಾವನ ಧ್ವನಿ ಹಿಂದಿನಿಂದ ಕೇಳುತ್ತಲೇ ಇತ್ತು, ಏರಿ, ಇಳಿದು, ಮತ್ತೆ ಏರಿ. ರಸ್ತೆಯ ತಿರುವಿನ ತನಕ ಕೇಳಿತು. ಗಂಡ ಸ್ಕೂಟರಿನಲ್ಲಿ ಬಸ್‌ಸ್ಟ್ಯಾಂಡಿಗೆ ಬಿಟ್ಟರು. ದಾರಿಯುದ್ದಕ್ಕೂ ಒಂದು ಮಾತನ್ನೂ ಆಡಲಿಲ್ಲ, ಅದಕ್ಕೆ ನಾನು ಈಗಲೂ ಕೃತಜ್ಞಳು.

ಹುಬ್ಬಳ್ಳಿಯ ಬಸ್ಸಿನಲ್ಲಿ ಕೂರಲು ಜಾಗ ಸಿಕ್ಕಿತು. ಅಂಕೋಲೆ ದಾಟಿ ಘಟ್ಟ ಹತ್ತಿರವಾಗುತ್ತಿದ್ದ ಹಾಗೆ, ಇನ್ನೇನು ಸಿಗ್ನಲ್ ಹೋಗುತ್ತದೆ ಎನ್ನುವಾಗ ಫೋನು ಬಂತು. ಮಗಳು.

"ಆಯಿ, ಅಜ್ಜ ಕೇಳ್ತಾ ಇದ್ದ, ಚಾ ಎಲ್ಲಿ ಹೇಳಿ."

ನಾನು ಹೊರಟು ಒಂದೂವರೆ ತಾಸಾಗಿತ್ತು.

"ನೀ ಎಂತ ಹೇಳ್ದೆ?"

"ಆಯಿ ಧಾರವಾಡಕ್ಕೆ ಹೋತು ಹೇಳ್ದಿ."

"ಅದಕ್ಕೆ ಅಜ್ಜ ಎಂತ ಹೇಳ್ದ?"

ಹಿಂದಿನಿಂದ ಜಗಲಿಯ ಸದ್ದು ಸಣ್ಣಗೆ ಕೇಳುತ್ತಿತ್ತು.

"ನೋಡನ ಹೇಳ್ದ" ಎಂದಳು.